ಮರೆತ ಚಿತ್ರಗಳು, ಉಳಿದ ಸಾಕ್ಷಿಗಳು: ಇಟಲಿಯ ಜನಪ್ರಿಯ ಅಪರಾಧ ಸಿನಿಮಾ ಮತ್ತು ‘ಯೂರೋಕ್ರೈಮ್’ ಸಾಕ್ಷ್ಯಚಿತ್ರ

1

ಯಾವುದೇ ಕಲಾಪ್ರಕಾರದ ಚರಿತ್ರೆಯು ನೆನಪಿನ ಕೆಲಸವನ್ನು ಮಾಡುವಂತೆಯೇ ಮರೆವಿನ ಕೆಲಸವನ್ನೂ ಮಾಡುತ್ತದೆ. ಯಾವುದನ್ನು ಶ್ರೇಷ್ಠವೆಂದು ಎತ್ತಿಹಿಡಿಯಬೇಕು ಎಂಬ ತೀರ್ಮಾನದ ಜೊತೆಯಲ್ಲಿಯೇ ಯಾವುದನ್ನು ಹೆಸರಿಸದೆ ಬಿಡಬಹುದು ಎಂಬ ತೀರ್ಮಾನವೂ ನಡೆದುಹೋಗಿರುತ್ತದೆ. ಇಟಲಿಯ ಸಿನಿಮಾ ಚರಿತ್ರೆ ಇದಕ್ಕೆ ಒಳ್ಳೆಯ ನಿದರ್ಶನ. ಇಟಲಿಯ ಸಿನಿಮಾ ಎಂದೊಡನೆ ನಮ್ಮ ಚಲನಚಿತ್ರ ಸಂಘಗಳ ಮತ್ತು ಪಠ್ಯಕ್ರಮಗಳ ಮೂಲಕ ರೂಢಿಯಾಗಿರುವ ಹೆಸರುಗಳು ನೆನಪಿಗೆ ಬರುತ್ತವೆ: ರೊಸೆಲಿನಿಯ ‘ರೋಮ್, ಓಪನ್ ಸಿಟಿ’ (1945), ಡಿ ಸಿಕಾನ ‘ಬೈಸಿಕಲ್ ಥೀವ್ಸ್’ (1948), ಅನಂತರ ಫೆಲಿನಿ, ಅಂತೋನಿಯೋನಿ, ಪಸೋಲಿನಿ. ಈ ಪಟ್ಟಿಯಲ್ಲಿ ತಪ್ಪೇನೂ ಇಲ್ಲ. ಆದರೆ ಇದೇ ದೇಶದ ಬಡಾವಣೆಗಳ, ಸಣ್ಣ ಊರುಗಳ ಚಿತ್ರಮಂದಿರಗಳನ್ನು ದಶಕಗಳ ಕಾಲ ತುಂಬಿಸಿದ ನೂರಾರು ಚಿತ್ರಗಳಿಗೆ ಈ ಪಟ್ಟಿಯಲ್ಲಿ ಸ್ಥಳವಿಲ್ಲ. ಪೌರಾಣಿಕ ಮಲ್ಲರ ಕಥೆಗಳು, ಕೌಬಾಯ್ ಕಥೆಗಳು, ರಹಸ್ಯ ಕೊಲೆಗಳ ಕಥೆಗಳು, ಪೊಲೀಸ್ ಮತ್ತು ದರೋಡೆಕೋರರ ಕಥೆಗಳು ಹೀಗೆ ಹೊರಗುಳಿದವು.

ಹೀಗೆ ಹೊರಗುಳಿದ ಒಂದು ಗುಂಪನ್ನು, ಅಂದರೆ 1970ರ ದಶಕದ ಪೊಲೀಸ್ ಮತ್ತು ಅಪರಾಧ ಚಿತ್ರಗಳನ್ನು, ಹುಡುಕಿಕೊಂಡು ಹೋದವರು ಅಮೆರಿಕದ ಮೈಕ್ ಮಲಾಯ್. ನಟ ಲೀ ವ್ಯಾನ್ ಕ್ಲೀಫ್ ಕುರಿತು 1998ರಲ್ಲಿ ಆಕರಗ್ರಂಥವೊಂದನ್ನು ಪ್ರಕಟಿಸಿದ್ದ ಅವರು, 2012ರಲ್ಲಿ ‘ಯೂರೋಕ್ರೈಮ್! ದಿ ಇಟಾಲಿಯನ್ ಕಾಪ್ ಅಂಡ್ ಗ್ಯಾಂಗ್‌ಸ್ಟರ್ ಫಿಲ್ಮ್ಸ್ ದಟ್ ರೂಲ್ಡ್ ದಿ ಸೆವೆಂಟೀಸ್’ ಎಂಬ ಸಾಕ್ಷ್ಯಚಿತ್ರವನ್ನು ಹೊರತಂದರು. ಎರಡು ಗಂಟೆಗಳಿಗೂ ಮಿಕ್ಕ ಈ ಕೃತಿಯನ್ನು ಆಧಾರವಾಗಿಟ್ಟುಕೊಂಡು ಪ್ರಸ್ತುತ ಲೇಖನವು ಎರಡು ಪ್ರಶ್ನೆಗಳನ್ನು ಎತ್ತಿಕೊಳ್ಳುತ್ತದೆ. ಮೊದಲನೆಯದು, ಈ ಚಿತ್ರಗಳನ್ನು ಮರೆತದ್ದರಿಂದ ಕಳೆದುಹೋದದ್ದು ಏನು? ಎರಡನೆಯದು, ಮರೆತದ್ದನ್ನು ಮರಳಿ ತರುವವರು ಯಾರ ಮಾತನ್ನು ಸಾಕ್ಷ್ಯವೆಂದು ಸ್ವೀಕರಿಸುತ್ತಾರೆ?

2

ಇಟಲಿಯ ಜನಪ್ರಿಯ ಸಿನಿಮಾವನ್ನು ಅರ್ಥಮಾಡಿಕೊಳ್ಳಲು ‘ಫಿಲೋನೆ’ ಎಂಬ ಪದವನ್ನು ಮೊದಲು ತಿಳಿಯಬೇಕಾಗುತ್ತದೆ. ಗಣಿಯೊಳಗಿನ ಅದಿರಿನ ಎಳೆ ಎಂಬುದು ಈ ಪದದ ಒಂದು ಅರ್ಥ. ಒಂದು ಎಳೆ ಕಣ್ಣಿಗೆ ಬಿದ್ದರೆ ಅದು ಬರಿದಾಗುವವರೆಗೆ ಅಗೆಯುವುದು, ಬಳಿಕ ಇನ್ನೊಂದನ್ನು ಹುಡುಕುವುದು. ಅಲ್ಲಿನ ನಿರ್ಮಾಪಕರ ರೀತಿಯೂ ಇದೇ ಆಗಿತ್ತು. ಪಿಯೆತ್ರೊ ಫ್ರಾಂಚಿಶಿ ನಿರ್ದೇಶನದ ‘ಹರ್ಕ್ಯುಲಿಸ್’ (1958) ಗೆದ್ದೊಡನೆ ಮಲ್ಲರ ಚಿತ್ರಗಳು ಸಾಲುಗಟ್ಟಿದವು. ಸೆರ್ಜಿಯೊ ಲಿಯೋನೆಯ ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ (1964) ಗೆದ್ದ ಮೇಲೆ ಕೌಬಾಯ್ ಚಿತ್ರಗಳ ಪ್ರವಾಹವೇ ಹರಿಯಿತು. ದಾರಿಯೊ ಅರ್ಜೆಂತೊನ ‘ದಿ ಬರ್ಡ್ ವಿತ್ ದಿ ಕ್ರಿಸ್ಟಲ್ ಪ್ಲೂಮೇಜ್’ (1970) ಯಶಸ್ಸಿನಿಂದ ರಹಸ್ಯ ಕೊಲೆಗಳ ‘ಜಾಲ್ಲೊ’ ಚಿತ್ರಗಳು ಹೆಚ್ಚಿದವು. ಜಾಲ್ಲೊ ಎಂದರೆ ಹಳದಿ. ಮೊಂದಾದೋರಿ ಪ್ರಕಾಶನವು 1929ರಿಂದ ಹಳದಿ ರಕ್ಷಾಪುಟದಲ್ಲಿ ಹೊರತಂದ ಪತ್ತೇದಾರಿ ಕಾದಂಬರಿಗಳಿಂದ ಆ ಹೆಸರು ಬಂದಿದೆ. ಕನ್ನಡದಲ್ಲಿ ‘ಪೀತ ಪತ್ರಿಕೆ’ ಎನ್ನುವಾಗ ಇರುವ ನಿಂದೆಯ ಧ್ವನಿ ಇಲ್ಲಿಲ್ಲ ಎಂಬುದನ್ನು ಗಮನಿಸಬೇಕು.

ಈ ಬಗೆಯ ಉತ್ಪಾದನೆಯ ಹಿಂದೆ ಒಂದು ವಿಶಿಷ್ಟ ಮಾರುಕಟ್ಟೆ ವ್ಯವಸ್ಥೆಯಿತ್ತು. ಇಟಲಿಯ ಚಿತ್ರಮಂದಿರಗಳು ಮೊದಲ, ಎರಡನೆಯ ಮತ್ತು ಮೂರನೆಯ ಸುತ್ತಿನ ಪ್ರದರ್ಶನದವು ಎಂದು ವಿಂಗಡಣೆಯಾಗಿದ್ದವು. ನಗರದ ನಡುಭಾಗದ ದುಬಾರಿ ಮಂದಿರಗಳಲ್ಲಿ ಓಡಿದ ಮೇಲೆ ಚಿತ್ರವು ಕ್ರಮೇಣ ಅಂಚಿನ ಬಡಾವಣೆಗಳಿಗೆ, ಹಳ್ಳಿಗಳಿಗೆ ಇಳಿಯುತ್ತಿತ್ತು. ಈ ಮೂರನೆಯ ಸುತ್ತಿನ ಪ್ರೇಕ್ಷಕರು ಚಿತ್ರಮಂದಿರಕ್ಕೆ ಬರುತ್ತಿದ್ದುದು ರೂಢಿಯಿಂದ. ಮಾತಾಡುತ್ತ, ಎದ್ದು ಓಡಾಡುತ್ತ, ಹೊಡೆದಾಟವೋ ಹಾಸ್ಯವೋ ಬಂದಾಗ ತೆರೆಯತ್ತ ಗಮನ ಹರಿಸುತ್ತ ಅವರು ಚಿತ್ರ ನೋಡುತ್ತಿದ್ದರು ಎಂಬುದನ್ನು ಕ್ರಿಸ್ಟೋಫರ್ ವ್ಯಾಗ್‌ಸ್ಟಾಫ್ 1992ರ ತಮ್ಮ ಪ್ರಬಂಧದಲ್ಲಿ ವಿವರಿಸಿದ್ದಾರೆ. ಕಥೆಯ ಹೆಣಿಗೆ ಸಡಿಲವಾಗಿದ್ದು ಬಿಡಿಬಿಡಿ ಪ್ರಸಂಗಗಳು ತೀವ್ರವಾಗಿರುವ ಈ ಚಿತ್ರಗಳ ರಚನೆಗೆ ಇಂತಹ ನೋಡುವಿಕೆಯೂ ಒಂದು ಕಾರಣ. ವಿಮರ್ಶಕರು ದೋಷವೆಂದು ಗುರುತಿಸಿದ್ದು ಪ್ರೇಕ್ಷಕರೊಂದಿಗೆ ಆಗಿದ್ದ ಒಪ್ಪಂದವಾಗಿತ್ತು ಎನ್ನಬಹುದು. ಬಯಲಾಟವನ್ನು ರಾತ್ರಿಯಿಡೀ ನೋಡುವ ಕ್ರಮವನ್ನು ಬಲ್ಲ ನಮಗೆ ಇದನ್ನು ಗ್ರಹಿಸುವುದು ಕಷ್ಟವಾಗದು.

3

ಪೊಲೀಸ್ ಚಿತ್ರಗಳ ಎಳೆಯು ಬೆಳೆದದ್ದು ಇಟಲಿಯ ಇತಿಹಾಸದಲ್ಲಿ ‘ಸೀಸದ ವರ್ಷಗಳು’ ಎಂದು ಹೆಸರಾದ ಕಾಲದಲ್ಲಿ. ಇಲ್ಲಿ ಸೀಸವೆಂದರೆ ಬಂದೂಕಿನ ಗುಂಡು. 1969ರ ಡಿಸೆಂಬರ್ 12ರಂದು ಮಿಲಾನಿನ ಪಿಯಾತ್ಸಾ ಫೊಂತಾನಾದ ಬ್ಯಾಂಕಿನಲ್ಲಿ ಬಾಂಬು ಸಿಡಿದು 17 ಮಂದಿ ಸತ್ತರು. ತೀವ್ರ ಬಲಪಂಥೀಯರ ಬಾಂಬುಗಳು, ತೀವ್ರ ಎಡಪಂಥೀಯರ ಅಪಹರಣ ಮತ್ತು ಹತ್ಯೆಗಳು, ಹಣಕ್ಕಾಗಿ ನಡೆದ ಅಪಹರಣಗಳು, ಬ್ಯಾಂಕ್ ದರೋಡೆಗಳು ಆ ದಶಕದ ದಿನಪತ್ರಿಕೆಗಳನ್ನು ತುಂಬಿದ್ದವು. 1978ರಲ್ಲಿ ಮಾಜಿ ಪ್ರಧಾನಿ ಆಲ್ಡೊ ಮೋರೊ ಅವರನ್ನು ರೆಡ್ ಬ್ರಿಗೇಡ್ಸ್ ಅಪಹರಿಸಿ ಕೊಂದಿತು. 1980ರ ಆಗಸ್ಟ್ 2ರಂದು ಬೊಲೊನ್ಯಾ ರೈಲು ನಿಲ್ದಾಣದ ಸ್ಫೋಟದಲ್ಲಿ 85 ಮಂದಿ ಸತ್ತರು. ಇವುಗಳಲ್ಲಿ ಕೆಲವು ಕೃತ್ಯಗಳ ಹಿಂದೆ ಪ್ರಭುತ್ವದ ಗುಪ್ತಚರ ವಿಭಾಗದೊಳಗಿನವರ ಕೈವಾಡವಿದೆ ಎಂಬ ಶಂಕೆ ಜನಮನದಲ್ಲಿ ಬೇರೂರಿತ್ತು.

ಈ ಹಿನ್ನೆಲೆಯಲ್ಲಿ ಚಿತ್ರಗಳನ್ನು ಕಾಲಕ್ರಮದಲ್ಲಿ ಇಟ್ಟು ನೋಡಿದರೆ ಅವು ಬರಿಯ ಮನರಂಜನೆಯಾಗಿ ಉಳಿಯುವುದಿಲ್ಲ. ಕಾರ್ಲೊ ಲಿಜ್ಜಾನಿಯ ‘ಬಂದಿತಿ ಆ ಮಿಲಾನೊ’ (1968), 1967ರಲ್ಲಿ ಮಿಲಾನಿನಲ್ಲಿ ನಡೆದ ಕವಲ್ಲೆರೊ ತಂಡದ ದರೋಡೆಯನ್ನು ವರದಿಯ ಶೈಲಿಯಲ್ಲಿ ಮರುಸೃಷ್ಟಿಸಿತು. ನವವಾಸ್ತವವಾದಿ ಪಂಥದಿಂದ ಬಂದ ಲಿಜ್ಜಾನಿ ಸ್ವತಃ ಇಟಲಿಯ ಸಿನಿಮಾ ಚರಿತ್ರೆಯನ್ನು ಬರೆದವರು. ಉನ್ನತ ಮತ್ತು ಜನಪ್ರಿಯ ಎಂಬ ಗೆರೆಯು ವಿಮರ್ಶೆಯಲ್ಲಿ ಇದ್ದಷ್ಟು ದಟ್ಟವಾಗಿ ವೃತ್ತಿಯಲ್ಲಿ ಇರಲಿಲ್ಲ ಎಂಬುದಕ್ಕೆ ಅವರೇ ಉದಾಹರಣೆ. ಸ್ತೇನೊ ಎಂಬ ಹೆಸರಿನಿಂದ ಹಾಸ್ಯಚಿತ್ರಗಳಿಗೆ ಖ್ಯಾತರಾಗಿದ್ದ ಸ್ತೆಫಾನೊ ವಾಂಜಿನಾ 1972ರಲ್ಲಿ ತಮ್ಮ ನಿಜನಾಮದಲ್ಲಿ ‘ಲಾ ಪೊಲಿತ್ಸಿಯಾ ರಿಂಗ್ರಾತ್ಸಿಯಾ’ (ಪೊಲೀಸರು ಕೃತಜ್ಞತೆ ಸಲ್ಲಿಸುತ್ತಾರೆ) ಚಿತ್ರವನ್ನು ತೆಗೆದರು. ಅಪರಾಧಿಗಳನ್ನು ಗುಟ್ಟಾಗಿ ಕೊಲ್ಲುವ ತಂಡವೊಂದರ ಬೆನ್ನುಹತ್ತಿದ ಅಧಿಕಾರಿಗೆ ಆ ತಂಡದ ಮೂಲವು ಪೊಲೀಸ್ ವ್ಯವಸ್ಥೆಯ ನೆರಳಿನಲ್ಲಿಯೇ ಸಿಗುತ್ತದೆ. ಕೊನೆಯಲ್ಲಿ ಅವನೇ ಹತನಾಗುತ್ತಾನೆ. 1970ರ ಡಿಸೆಂಬರಿನಲ್ಲಿ ವಿಫಲವಾದ ಬೊರ್ಗೇಸೆಯ ಕ್ಷಿಪ್ರಕ್ರಾಂತಿಯ ಸಂಚು ಆಗಿನ್ನೂ ಜನರ ನೆನಪಿನಲ್ಲಿ ಹಸಿಯಾಗಿತ್ತು. ಸೆರ್ಜಿಯೊ ಮಾರ್ತಿನೊ 1975ರಲ್ಲಿ ನಿರ್ದೇಶಿಸಿದ ಚಿತ್ರವೊಂದರ ಹೆಸರೇ ‘ಪೊಲೀಸರು ಆರೋಪಿಸುತ್ತಾರೆ: ಗುಪ್ತಚರ ಸೇವೆ ಕೊಲ್ಲುತ್ತದೆ’ ಎಂದು. ಅದೇ ವರ್ಷದ ಲುಚಾನೊ ಎರ್ಕೋಲಿಯ ‘ಪೊಲೀಸರ ಕೈಗಳು ಕಟ್ಟಿವೆ’ ಚಿತ್ರವು ಮಿಲಾನಿನ ಹೋಟೆಲೊಂದರ ಬಾಂಬ್ ಸ್ಫೋಟದ ಸುತ್ತ ಹೆಣೆದದ್ದು. ಪಿಯಾತ್ಸಾ ಫೊಂತಾನಾದ ನೆನಪಾಗದೆ ಅದನ್ನು ನೋಡುವುದು ಆ ಪ್ರೇಕ್ಷಕರಿಗೆ ಸಾಧ್ಯವಿರಲಿಲ್ಲ.

ಎಲ್ಲ ಚಿತ್ರಗಳೂ ಈ ಮಟ್ಟದವಲ್ಲ. ಉಂಬೆರ್ತೊ ಲೆಂಜಿ ಮತ್ತಿತರರ ಚಿತ್ರಗಳಲ್ಲಿ ಕಾನೂನನ್ನು ಬದಿಗೊತ್ತಿ ಹೊಡೆಯುವ ಅಧಿಕಾರಿಯೇ ನಾಯಕ. ಮೀಸೆಯ ಮೌರಿತ್ಸಿಯೊ ಮೆರ್ಲಿ ‘ರೋಮಾ ವಿಯೊಲೆಂತಾ’ (1975), ‘ನಾಪೊಲಿ ವಿಯೊಲೆಂತಾ’ (1976) ಮೊದಲಾದ ಚಿತ್ರಗಳಲ್ಲಿ ಈ ಸಿದ್ಧಮಾದರಿಯನ್ನು ರೂಢಿಸಿದರು. ಇಂತಹ ಚಿತ್ರಗಳನ್ನು ಅಂದಿನ ಹಲವು ವಿಮರ್ಶಕರು ಫ್ಯಾಸಿಸ್ಟ್ ಎಂದು ಕರೆದರು. ಆ ಆಕ್ಷೇಪದಲ್ಲಿ ಹುರುಳಿದೆ. ಆದರೆ ಭಯಗೊಂಡ ಸಮಾಜವೊಂದು ಬಲಶಾಲಿ ರಕ್ಷಕನನ್ನು ಬಯಸುತ್ತಲೇ ಆ ರಕ್ಷಕನನ್ನು ಸಾಕುವ ಪ್ರಭುತ್ವವನ್ನು ಶಂಕಿಸುತ್ತಿದ್ದ ಇಬ್ಬಂದಿತನವೂ ಇವೇ ಚಿತ್ರಗಳಲ್ಲಿ ದಾಖಲಾಗಿದೆ. ಆ ಕಾಲದ ಗಂಭೀರ ಸಾಹಿತ್ಯದಲ್ಲಿ ತರ್ಕಬದ್ಧವಾಗಿ ಸಿಗುವ ಈ ಇಬ್ಬಂದಿತನ ಇಲ್ಲಿ ಕಚ್ಚಾ ರೂಪದಲ್ಲಿ ಸಿಗುತ್ತದೆ. ಮರೆವಿನಿಂದ ಕಳೆದುಹೋಗುವುದು ಈ ಕಚ್ಚಾ ದಾಖಲೆ.

4

ಈ ಚಿತ್ರಗಳು ಮರೆವಿಗೆ ಸಂದದ್ದು ಹೇಗೆ? ಮೊದಲನೆಯ ಕಾರಣ ಹೆಸರಿನಲ್ಲಿಯೇ ಇದೆ. ಪೊಲೀಸ್ ಕಥೆಗಳಿಗೆ ಇಟಾಲಿಯನ್ನಿನಲ್ಲಿ ‘ಪೊಲಿತ್ಸಿಯೆಸ್ಕೊ’ ಎಂಬ ಪದವಿದ್ದರೂ ಈ ಚಿತ್ರಗಳಿಗೆ ‘ಪೊಲಿತ್ಸಿಯೊತ್ತೆಸ್ಕೊ’ ಎಂಬ ತಿರುಚಿದ ಪದ ಅಂಟಿಕೊಂಡಿತು. ಅದರಲ್ಲಿ ಹಗುರಾಗಿ ಕಾಣುವ ಭಾವವಿತ್ತು. ಬಳಿಕ ಅದೇ ಪದ ಅಭಿಮಾನಿಗಳ ಬಾಯಲ್ಲಿ ಮೆಚ್ಚುಗೆಯ ಹೆಸರಾಯಿತು.

ಎರಡನೆಯ ಕಾರಣ ಆರ್ಥಿಕವಾದದ್ದು. ಇಟಲಿಯಲ್ಲಿ 1955ರಲ್ಲಿ ಸುಮಾರು 82 ಕೋಟಿ ಚಿತ್ರಮಂದಿರ ಟಿಕೆಟುಗಳು ಮಾರಾಟವಾಗಿದ್ದವು. 1975ರಲ್ಲಿ ಈ ಸಂಖ್ಯೆ ಸುಮಾರು 51 ಕೋಟಿಗೂ, 1980ರ ವೇಳೆಗೆ ಸುಮಾರು 24 ಕೋಟಿಗೂ ಇಳಿಯಿತು. 1976ರಲ್ಲಿ ಸಂವಿಧಾನ ನ್ಯಾಯಾಲಯವು ಸ್ಥಳೀಯ ಖಾಸಗಿ ಪ್ರಸಾರಕ್ಕೆ ಅವಕಾಶ ನೀಡಿದ್ದರಿಂದ ದೂರದರ್ಶನ ವಾಹಿನಿಗಳು ಮನೆಮನೆಯಲ್ಲಿ ಚಿತ್ರಗಳನ್ನು ತೋರಿಸತೊಡಗಿದವು. ಬಡಾವಣೆಯ ಚಿತ್ರಮಂದಿರಗಳು ಮುಚ್ಚಿದಂತೆ ಅವುಗಳಿಗಾಗಿಯೇ ತಯಾರಾಗುತ್ತಿದ್ದ ಚಿತ್ರಗಳೂ ನಿಂತವು.

ಮೂರನೆಯದು ರಫ್ತಿನ ಕಾರಣ. ಇಟಾಲಿಯನ್ ಶೀರ್ಷಿಕೆಗಳಲ್ಲಿ ನಗರದ ಹೆಸರು, ಪೊಲೀಸ್ ಎಂಬ ಸಂಸ್ಥೆಯ ಹೆಸರು ಪತ್ರಿಕೆಯ ತಲೆಬರಹದಂತೆ ಬರುತ್ತಿದ್ದವು. ಇಂಗ್ಲಿಷಿಗೆ ಹೋದಾಗ ಇವು ಕಣ್ಮರೆಯಾದವು. ‘ಲಾ ಪೊಲಿತ್ಸಿಯಾ ರಿಂಗ್ರಾತ್ಸಿಯಾ’ ಚಿತ್ರವು ‘ಎಕ್ಸಿಕ್ಯೂಷನ್ ಸ್ಕ್ವಾಡ್’ ಆಯಿತು. ಫೆರ್ನಾಂದೊ ದಿ ಲಿಯೊ ನಿರ್ದೇಶನದ ‘ಲಾ ಮಾಲಾ ಒರ್ದಿನಾ’ (1972), ಅಂದರೆ ಭೂಗತಲೋಕದ ಅಪ್ಪಣೆ, ‘ದಿ ಇಟಾಲಿಯನ್ ಕನೆಕ್ಷನ್’ ಎಂಬ ಹೆಸರು ಹೊತ್ತಿತು. 1971ರ ಅಮೆರಿಕನ್ ಚಿತ್ರ ‘ದಿ ಫ್ರೆಂಚ್ ಕನೆಕ್ಷನ್’ನ ನೆರಳು ಈ ಹೆಸರಿನಲ್ಲಿದೆ. ಹೀಗೆ ಹೊರಜಗತ್ತಿನಲ್ಲಿ ಇವು ಹಾಲಿವುಡ್ಡಿನ ನಕಲುಗಳೆಂದು ಕಾಣಲು ಮಾರಾಟಗಾರರೇ ಏರ್ಪಾಡು ಮಾಡಿದಂತಾಯಿತು. ಚಿತ್ರವನ್ನು ಅದು ಹುಟ್ಟಿದ ಊರಿನಿಂದ ಕಿತ್ತು, ಬಳಿಕ ಅದಕ್ಕೆ ಬೇರಿಲ್ಲ ಎಂದು ದೂರಿದಂತೆ ಇದು.

ಮರಳಿ ನೆನೆಯುವ ಕೆಲಸ ಇಟಲಿಯಲ್ಲಿ ಮಲಾಯ್ ಅವರಿಗಿಂತ ಮೊದಲೇ ಆರಂಭವಾಗಿತ್ತು. 1994ರಲ್ಲಿ ಹುಟ್ಟಿದ ‘ನೊಕ್ತುರ್ನೊ’ ಪತ್ರಿಕೆ, 1999ರ ಮಾರ್ಕೊ ಜುಸ್ತಿಯ ‘ಸ್ತ್ರಾಕುಲ್ತ್’ ನಿಘಂಟು ಮತ್ತು 2004ರ ವೆನಿಸ್ ಚಿತ್ರೋತ್ಸವದಲ್ಲಿ ‘ಇಟಲಿಯ ಸಿನಿಮಾದ ರಹಸ್ಯ ಚರಿತ್ರೆ’ ಎಂಬ ಹೆಸರಿನಲ್ಲಿ ನಡೆದ ಪ್ರದರ್ಶನಮಾಲೆ ಇದರ ಮುಖ್ಯ ಘಟ್ಟಗಳು. ಮಲಾಯ್ ಅವರ ಕೃತಿಯನ್ನು ಈ ಪರಂಪರೆಯಲ್ಲಿಟ್ಟು ನೋಡಬೇಕಾಗುತ್ತದೆ.

5

ಕನ್ನಡದ ‘ಸಾಕ್ಷ್ಯಚಿತ್ರ’ ಎಂಬ ಪದವು ಇಂಗ್ಲಿಷಿನ ‘ಡಾಕ್ಯುಮೆಂಟರಿ’ಗಿಂತ ಒಂದು ಹೆಜ್ಜೆ ಮುಂದಿದೆ. ಡಾಕ್ಯುಮೆಂಟ್ ಎಂದರೆ ಕಾಗದಪತ್ರ. ಸಾಕ್ಷ್ಯ ಎಂದಾಗ ಅದನ್ನು ನುಡಿಯುವ ಸಾಕ್ಷಿಯೂ ಇರಬೇಕಾಗುತ್ತದೆ. ಆ ಸಾಕ್ಷಿಯನ್ನು ಪ್ರಶ್ನಿಸುವ ಅವಕಾಶವೂ ಇರುತ್ತದೆ. ‘ಯೂರೋಕ್ರೈಮ್’ ಈ ಅರ್ಥದಲ್ಲಿ ಸಾಕ್ಷಿಗಳ ಚಿತ್ರ. ಫ್ರಾಂಕೊ ನೀರೊ, ಹೆನ್ರಿ ಸಿಲ್ವಾ, ಜಾನ್ ಸ್ಯಾಕ್ಸನ್, ಫ್ರೆಡ್ ವಿಲಿಯಮ್ಸನ್, ಆಂತೋನಿಯೊ ಸಬಾತೊ, ಲೂಕ್ ಮೆರೆಂಡಾ, ರಿಚರ್ಡ್ ಹ್ಯಾರಿಸನ್, ಜೋ ಡಲೆಸಾಂಡ್ರೊ ಮೊದಲಾದ ನಟರು, ಎಂಜೊ ಜಿ. ಕಸ್ತೆಲ್ಲಾರಿ, ಮಾರಿಯೊ ಕಯಾನೊ ಮೊದಲಾದ ನಿರ್ದೇಶಕರು ಇಲ್ಲಿ ತಾವು ದುಡಿದ ದಿನಗಳ ಬಗ್ಗೆ ಮಾತನಾಡುತ್ತಾರೆ. ಅವರ ಮಾತು, ಹಳೆಯ ಚಿತ್ರಗಳ ತುಣುಕುಗಳು, ನಿರೂಪಣೆ ಇವು ಒಂದನ್ನೊಂದು ಹಿಡಿದುಕೊಂಡು ಸಾಗುತ್ತವೆ.

ಈ ಸಾಕ್ಷ್ಯಗಳ ಮುಖ್ಯ ಲಾಭವೆಂದರೆ ಸಿನಿಮಾವನ್ನು ದುಡಿಮೆಯಾಗಿ ಕಾಣಲು ಸಾಧ್ಯವಾಗುವುದು. ವಿಮರ್ಶೆ ಚಿತ್ರವನ್ನು ಮುಗಿದ ಪಠ್ಯವಾಗಿ ನೋಡುತ್ತದೆ. ಆ ಪಠ್ಯದ ಹಿಂದೆ ಅಲ್ಪ ಬಂಡವಾಳ, ಅವಸರ, ಅನುಮತಿಯಿಲ್ಲದೆ ನಿಜವಾದ ಬೀದಿಗಳಲ್ಲಿ ನಡೆಸಿದ ಚಿತ್ರೀಕರಣ, ನಟರು ತಾವೇ ಕೈಗೊಂಡ ಅಪಾಯದ ಸಾಹಸಗಳು ಇದ್ದವು. ಇಂದು ಆ ಚಿತ್ರಗಳಲ್ಲಿ ನಮಗೆ ಕಾಣುವ ಮಿಲಾನ್, ಜಿನೋವಾ, ನೇಪಲ್ಸ್ ನಗರಗಳ ಜೀವಂತ ಬೀದಿಗಳು ಕಲಾತ್ಮಕ ಆಯ್ಕೆಯ ಫಲವಾಗಿರುವಂತೆಯೇ ಸೆಟ್ಟು ಹಾಕಲು ಹಣವಿಲ್ಲದ್ದರ ಫಲವೂ ಹೌದು.

ಇದೇ ಬಗೆಯ ಮತ್ತೊಂದು ಸಂಗತಿ ಧ್ವನಿಯದು. ಇಟಲಿಯಲ್ಲಿ ಚಿತ್ರೀಕರಣದ ಹೊತ್ತಿನ ಧ್ವನಿಯನ್ನು ಬಳಸದೆ ಎಲ್ಲ ಮಾತನ್ನೂ ಬಳಿಕ ಸೇರಿಸುವುದು ವಾಡಿಕೆಯಾಗಿತ್ತು. 1930ರ ದಶಕದಲ್ಲಿ ಫ್ಯಾಸಿಸ್ಟ್ ಸರ್ಕಾರವು ವಿದೇಶಿ ಭಾಷೆಯ ಸಂಭಾಷಣೆಗೆ ವಿಧಿಸಿದ ನಿರ್ಬಂಧದಿಂದ ಬಲವಾಗಿ ಬೆಳೆದ ಡಬ್ಬಿಂಗ್ ಉದ್ಯಮ ಇದಕ್ಕೆ ಆಧಾರ. ಹೀಗಾಗಿ ಒಂದೇ ದೃಶ್ಯದಲ್ಲಿ ಒಬ್ಬ ನಟ ಇಂಗ್ಲಿಷಿನಲ್ಲಿ, ಇನ್ನೊಬ್ಬ ಇಟಾಲಿಯನ್ನಿನಲ್ಲಿ, ಮತ್ತೊಬ್ಬ ಫ್ರೆಂಚಿನಲ್ಲಿ ಮಾತನಾಡುವುದು ಸಾಧ್ಯವಿತ್ತು. ತೋಮಾಸ್ ಮಿಲಿಯಾನ್ ಅವರ ಉದಾಹರಣೆ ಇಲ್ಲಿ ಗಮನಾರ್ಹ. ಕ್ಯೂಬಾದಲ್ಲಿ ಹುಟ್ಟಿದ ಈ ನಟ ಲೆಂಜಿಯ 1976ರ ಚಿತ್ರವೊಂದರಲ್ಲಿ ‘ಮೊನ್ನೆತ್ಸಾ’ ಎಂಬ ರೋಮ್ ನಗರದ ಪುಡಿಕಳ್ಳನ ಪಾತ್ರವನ್ನು ಮಾಡಿದರು. ಮೊನ್ನೆತ್ಸಾ ಎಂದರೆ ರೋಮಿನ ಆಡುನುಡಿಯಲ್ಲಿ ಕಸ. ಈ ಪಾತ್ರದ ಜೀವಾಳವಾದ ಆಡುನುಡಿಯನ್ನು ತೆರೆಗೆ ತಂದ ಕಂಠ ಫೆರ್ರುಚೊ ಅಮೆಂದೊಲಾ ಅವರದು. ರಾಬರ್ಟ್ ಡಿ ನಿರೊ, ಅಲ್ ಪಚಿನೊ ಅವರಿಗೆ ಇಟಾಲಿಯನ್ನಿನಲ್ಲಿ ದನಿಯಾದವರೂ ಅವರೇ. ಪರದೇಶದ ದೇಹ ಮತ್ತು ಸ್ಥಳೀಯ ಕಂಠ ಕೂಡಿ ರೋಮಿನ ಕೆಳವರ್ಗದ ಒಬ್ಬ ನಾಯಕ ರೂಪುಗೊಂಡ. ಅದೇ ಚಿತ್ರ ಇಂಗ್ಲಿಷಿಗೆ ಡಬ್ ಆದಾಗ ಆಡುನುಡಿ ಅಳಿಸಿಹೋಗಿ ಅವನು ಎಲ್ಲಿಯವನೂ ಅಲ್ಲದವನಾದ. ಭಾಷೆಯ ವಿದ್ಯಾರ್ಥಿಗೆ ಈ ನಷ್ಟ ಸಣ್ಣದಾಗಿ ಕಾಣದು.

6

ಸಾಕ್ಷಿಗಳನ್ನು ಗೌರವಿಸುವುದೆಂದರೆ ಅವರನ್ನು ಪ್ರಶ್ನಿಸುವುದೂ ಹೌದು. ‘ಯೂರೋಕ್ರೈಮ್’ ಕೃತಿಯ ಮಿತಿಗಳು ಅದು ಆರಿಸಿಕೊಂಡ ಸಾಕ್ಷಿಗಳ ಮಿತಿಗಳೇ ಆಗಿವೆ. ಮಾತನಾಡುವವರಲ್ಲಿ ಅಮೆರಿಕದಿಂದ ಇಟಲಿಗೆ ದುಡಿಯಲು ಹೋದ ನಟರ ಪಾಲು ದೊಡ್ಡದು. ಅವರ ಕಣ್ಣಿಗೆ ಇಟಲಿಯ ರೀತಿಗಳು ಸಹಜವಾಗಿಯೇ ವಿಚಿತ್ರವಾಗಿ, ಕೆಲವೊಮ್ಮೆ ನಗೆಪಾಟಲಾಗಿ ಕಾಣುತ್ತವೆ. ‘ಡರ್ಟಿ ಹ್ಯಾರಿ’, ‘ದಿ ಗಾಡ್‌ಫಾದರ್’ ಮೊದಲಾದ ಅಮೆರಿಕನ್ ಚಿತ್ರಗಳ ಪ್ರಭಾವಕ್ಕೆ ಸಿಗುವ ಒತ್ತು ಕೂಡ ಈ ದೃಷ್ಟಿಯದೇ. ಆ ಪ್ರಭಾವ ಸುಳ್ಳಲ್ಲ. ಆದರೆ ಲಿಜ್ಜಾನಿಯ ಚಿತ್ರ 1968ರದು. ಪೊಲೀಸ್ ಅಧಿಕಾರಿಯೊಬ್ಬನೇ ಕೊಲೆಗಾರನಾಗಿರುವ ಎಲಿಯೊ ಪೆತ್ರಿಯ ‘ಇನ್ವೆಸ್ಟಿಗೇಷನ್ ಆಫ್ ಎ ಸಿಟಿಜನ್ ಅಬೌವ್ ಸಸ್ಪಿಷನ್’ 1970ರದು. ಇವೆರಡೂ 1971ರ ಕೊನೆಯಲ್ಲಿ ಬಂದ ‘ಡರ್ಟಿ ಹ್ಯಾರಿ’ಗಿಂತ ಹಿಂದಿನವು. ದಿ ಲಿಯೊ ತಮ್ಮ ‘ಮಿಲಾನೊ ಕಾಲಿಬ್ರೊ 9’ (1972) ಚಿತ್ರಕ್ಕೆ ಆಧಾರವಾಗಿ ತೆಗೆದುಕೊಂಡದ್ದು ಮಿಲಾನಿನ ಅಪರಾಧಲೋಕವನ್ನು ಬರೆದ ಜಾರ್ಜೊ ಶೆರ್ಬಾನೆಂಕೊ ಅವರ ಕಥೆಗಳನ್ನು. ಆದುದರಿಂದ ದೇಶೀಯ ಬೇರುಗಳನ್ನು ಕಾಣದೆ ಪ್ರಭಾವವನ್ನು ಮಾತ್ರ ಹೇಳುವ ಸಾಕ್ಷ್ಯವನ್ನು ಚಿತ್ರಗಳ ಕಾಲಾನುಕ್ರಮದೊಡನೆ ಒರೆಗೆ ಹಚ್ಚಬೇಕಾಗುತ್ತದೆ.

ಎರಡನೆಯ ಮಿತಿ, ಮಾತನಾಡುವವರು ಬಹುಮಟ್ಟಿಗೆ ಪುರುಷರು. ಈ ಚಿತ್ರಗಳಲ್ಲಿ ಹೆಣ್ಣು ಹೆಚ್ಚಾಗಿ ಹಿಂಸೆಗೆ ಗುರಿಯಾಗುವ ದೇಹವಾಗಿ ಬರುತ್ತಾಳೆ. ಅಂತಹ ದೃಶ್ಯಗಳಲ್ಲಿ ನಟಿಸಿದವರ ಅನುಭವವೇ ಇಲ್ಲಿ ಎಲ್ಲಕ್ಕಿಂತ ಮುಖ್ಯವಾದ ಸಾಕ್ಷ್ಯವಾಗಬೇಕಿತ್ತು. ಮೂರನೆಯದು ಕಾಲದ ಮಿತಿ. ಮೆರ್ಲಿ 1989ರಲ್ಲಿ, ದಿ ಲಿಯೊ 2003ರಲ್ಲಿ ತೀರಿಕೊಂಡಿದ್ದರು. ಈ ಕೃತಿಗೆ ಅವರ ಮಾತು ದೊರೆಯುವಂತಿರಲಿಲ್ಲ. ಮಾತನಾಡಿದವರಲ್ಲಿಯೂ ಕಯಾನೊ 2015ರಲ್ಲಿ, ಸ್ಯಾಕ್ಸನ್ 2020ರಲ್ಲಿ, ಸಬಾತೊ 2021ರಲ್ಲಿ, ಸಿಲ್ವಾ 2022ರಲ್ಲಿ ನಿಧನರಾದರು. ಒಂದು ದಶಕ ತಡವಾಗಿದ್ದರೆ ಈ ಸಾಕ್ಷ್ಯಚಿತ್ರ ಈಗಿರುವಂತೆ ಸಾಧ್ಯವಾಗುತ್ತಿರಲಿಲ್ಲ. ರೊಬೆರ್ತೊ ಕುರ್ತಿಯ ಚಿತ್ರಸೂಚಿ (2013), ಆಸ್ಟಿನ್ ಫಿಶರ್ ಅವರ ‘ಬ್ಲಡ್ ಇನ್ ದಿ ಸ್ಟ್ರೀಟ್ಸ್’ (2019) ಮೊದಲಾದ ಗ್ರಂಥಗಳು ಚಿತ್ರಗಳನ್ನು ಇತಿಹಾಸದ ನಡುವೆ ಇಟ್ಟು ಓದುವ ಕೆಲಸವನ್ನು ಮುಂದುವರಿಸಿವೆ. ಗ್ರಂಥಗಳು ಮುಂದೆಯೂ ಬರಬಹುದು. ತೀರಿಕೊಂಡವರನ್ನು ಮತ್ತೆ ಕೇಳಲಾಗದು.

ಈ ವಿವೇಚನೆಯು ಕನ್ನಡ ಸಂಶೋಧನೆಗೆ ಸಲ್ಲುವುದು ವಿಧಾನದ ನೆಲೆಯಲ್ಲಿ. ಇಟಲಿಯ ಹಳದಿ ಪುಸ್ತಕಗಳಂತೆ ನಮ್ಮಲ್ಲಿಯೂ ಪತ್ತೇದಾರಿ ಸಾಹಿತ್ಯದ ದೊಡ್ಡ ರಾಶಿಯಿದೆ. ಎನ್. ನರಸಿಂಹಯ್ಯನವರು 1952ರಲ್ಲಿ ‘ಪತ್ತೇದಾರ ಪುರುಷೋತ್ತಮ’ದಿಂದ ಆರಂಭಿಸಿ ಐನೂರಕ್ಕೂ ಹೆಚ್ಚು ಕಾದಂಬರಿಗಳನ್ನು ಬರೆದು 2011ರಲ್ಲಿ ತೀರಿಕೊಂಡರು. ನಮ್ಮ ಸಾಹಿತ್ಯ ಚರಿತ್ರೆಗಳಲ್ಲಿ ಅವರಿಗೆ ದೊರೆತಿರುವ ಸ್ಥಳ ಅತ್ಯಲ್ಪ. ಆ ಪುಸ್ತಕಗಳನ್ನು ಅಚ್ಚುಹಾಕಿದವರು, ಬಸ್ ನಿಲ್ದಾಣಗಳಲ್ಲಿ ಮಾರಿದವರು, ಬಾಡಿಗೆಗೆ ಕೊಟ್ಟವರು, ಅವುಗಳಿಂದಲೇ ಓದಿನ ರೂಢಿ ಬೆಳೆಸಿಕೊಂಡವರು ಕೆಲವರಾದರೂ ಇನ್ನೂ ನಮ್ಮ ನಡುವೆ ಇದ್ದಾರೆ. ಶಾಸನ ಮತ್ತು ಹಸ್ತಪ್ರತಿಗಳ ಸಂರಕ್ಷಣೆಯಲ್ಲಿ ನಮ್ಮ ಕನ್ನಡ ವಿಭಾಗಗಳು ತೋರಿದ ಶ್ರದ್ಧೆಯನ್ನು ಈ ಮಾತುಗಳ ಸಂಗ್ರಹಕ್ಕೂ ವಿಸ್ತರಿಸಬೇಕಾಗಿದೆ.

ಒಟ್ಟಿನಲ್ಲಿ ಹೇಳುವುದಾದರೆ, ಮಲಾಯ್ ಅವರ ಕೃತಿಯು ಇಟಲಿಯ ಅಪರಾಧ ಚಿತ್ರಗಳೆಲ್ಲ ಶ್ರೇಷ್ಠವೆಂದು ಸಾಬೀತುಪಡಿಸುವುದಿಲ್ಲ. ಅದರ ಅಗತ್ಯವೂ ಇಲ್ಲ. ಮೌಲ್ಯನಿರ್ಣಯಕ್ಕೆ ಮೊದಲು ದಾಖಲೆ ಉಳಿಯಬೇಕು. ದಾಖಲೆಯೇ ಇಲ್ಲದೆ ನೀಡುವ ತೀರ್ಪು ವಿಮರ್ಶೆಯಾಗದೆ ಪೂರ್ವಗ್ರಹವಾಗುತ್ತದೆ. ಸಾಕ್ಷಿಗಳು ಇರುವಾಗಲೇ ಅವರ ಮಾತನ್ನು ಕೇಳಿಟ್ಟುಕೊಂಡದ್ದು ಈ ಸಾಕ್ಷ್ಯಚಿತ್ರದ ಮುಖ್ಯ ಸಾಧನೆ. ಆ ಮಾತನ್ನು ಚಿತ್ರಗಳೊಡನೆ, ಕಾಲದೊಡನೆ ತಾಳೆ ನೋಡುವ ಹೊಣೆ ಅಭ್ಯಾಸಿಗಳ ಮೇಲಿದೆ.